ಉಳಿಸಿದ ಆಟ ಎಲ್ಲಿರುತ್ತದೆ?

ದಾವಣಗೆರೆ ಜಿಲ್ಲೆಯ ನ್ಯಾಮತಿಯಲ್ಲಿ ಕುಳಿತ ವಿದ್ಯಾರ್ಥಿಯೊಬ್ಬನು ನಮ್ಮ ರಾಜ್ಯ ರಸ್ತೆ ಸಾರಿಗೆ ನಿಗಮದ ಕೆಂಪು ಬಸ್ಸನ್ನು ಜರ್ಮನಿಯ ಹೆದ್ದಾರಿಯ ಮೇಲೆ ಓಡಿಸಬಲ್ಲನೆಂದರೆ ವಾಚಕರಲ್ಲಿ ಕೆಲವರಿಗೆ ಆಶ್ಚರ್ಯವಾಗಬಹುದು. ಗಣಕಯಂತ್ರದ ಆಟಗಳಲ್ಲಿ ಇದು ಇಂದು ಸಾಮಾನ್ಯ ಸಂಗತಿ. ಚೆಕ್ ದೇಶದ ಪ್ರಾಗ್ ನಗರದ ಎಸ್‌ಸಿಎಸ್ ಸಾಫ್ಟ್‌ವೇರ್ ಎಂಬ ಸಂಸ್ಥೆ 2012ರಲ್ಲಿ ಹೊರತಂದ ‘ಯೂರೋ ಟ್ರಕ್ ಸಿಮ್ಯುಲೇಟರ್ 2’ ಎಂಬ ಆಟದಲ್ಲಿ ಯೂರೋಪಿನ ಊರುಗಳೂ ಹೆದ್ದಾರಿಗಳೂ 19ರಲ್ಲಿ ಒಂದು ಪಾಲಿನ ಅಳತೆಗೆ ಇಳಿದು ಬಂದಿವೆ. ಇಂಡೊನೇಷ್ಯದ ಮಾಲಿಯೋ ಸಂಸ್ಥೆ 2017ರಲ್ಲಿ ಮೊಬೈಲಿಗಾಗಿ ತಂದ ‘ಬಸ್ ಸಿಮ್ಯುಲೇಟರ್ ಇಂಡೊನೇಷ್ಯ’ದಲ್ಲಿ ಆ ದೇಶದ ಊರುಗಳೂ ರಸ್ತೆಗಳೂ ಇವೆ. ಈ ಆಟಗಳನ್ನು ರಚಿಸಿದವರು ನಮ್ಮ ಕೆಂಪು ಬಸ್ಸನ್ನು ರಚಿಸಲಿಲ್ಲ. ಆಟದಲ್ಲಿ ಆಸಕ್ತಿಯುಳ್ಳ ಹವ್ಯಾಸಿಗಳು ಬಸ್ಸಿನ ಆಕಾರವನ್ನು ರೂಪಿಸಿ, ನಿಗಮದ ಬಣ್ಣವನ್ನು ಬಳಿದು, ಅದನ್ನು ಒಂದು ಕಡತವಾಗಿ ಮಾಡಿ ಇತರರಿಗೆ ಹಂಚಿದರು.

ಹೀಗೆ ಒಂದು ಆಟಕ್ಕೆ ಹೊರಗಿನವರು ಸೇರಿಸುವ ಅಥವಾ ಅದರಲ್ಲಿ ಬದಲಿಸುವ ಭಾಗಕ್ಕೆ ‘ಮಾಡ್’ ಎಂದು ಹೆಸರು. ಮಾರ್ಪಾಡು ಎಂಬರ್ಥದ ಇಂಗ್ಲಿಷ್ ಪದದ ಮೊಟಕು ರೂಪವದು. ಆಡಿದಷ್ಟನ್ನು ಮುಂದಿನ ದಿನಕ್ಕೆ ಕಾದಿರಿಸುವ ಕಡತಕ್ಕೆ ‘ಸೇವ್ ಫೈಲು’ ಎಂದು ಹೆಸರು. ಇವೆರಡರ ಸಂಬಂಧವೇ ಈ ಲೇಖನದ ವಿಷಯ.

ಈ ವಿಷಯವನ್ನು ಅರಿಯಬೇಕಾದ ಕಾರಣವಿಷ್ಟೆ. ಆಟಗಾರನು ತಿಂಗಳುಗಟ್ಟಲೆ ಆಡಿ, ಹತ್ತಾರು ಲಾರಿಗಳ ಒಡೆಯನಾಗಿ, ನೂರಾರು ಗಂಟೆಗಳ ಶ್ರಮವನ್ನು ಒಂದು ಸೇವ್ ಫೈಲಿನಲ್ಲಿ ಕೂಡಿಟ್ಟಿರುತ್ತಾನೆ. ಒಂದು ದಿನ ಅದು ತೆರೆಯುವುದಿಲ್ಲ; ಅಥವಾ ತೆರೆದರೂ ಬಸ್ಸು ಇದ್ದಲ್ಲಿ ಬಸ್ಸಿಲ್ಲ, ಮನೆ ಇದ್ದಲ್ಲಿ ಮನೆಯಿಲ್ಲ. ಇದನ್ನು ದುರದೃಷ್ಟವೆಂದು ಭಾವಿಸಿ ಕೈಬಿಡುವವರೇ ಹೆಚ್ಚು. ವಾಸ್ತವವಾಗಿ ಇಂಥ ನಷ್ಟಗಳಲ್ಲಿ ಬಹುಪಾಲು ಮುಂಚಿತವಾಗಿಯೇ ತಡೆಯಬಹುದಾದವು. ಸೇವ್ ಫೈಲು ಎಂದರೇನು, ಅದು ಎಲ್ಲಿರುತ್ತದೆ, ಯಾವುದನ್ನು ಆಶ್ರಯಿಸಿರುತ್ತದೆ ಎಂಬ ಮೂರು ಪ್ರಶ್ನೆಗಳಿಗೆ ಉತ್ತರ ತಿಳಿದಿದ್ದರೆ ಸಾಕು. ಆಟವನ್ನೇ ಆಡದ ವಾಚಕರಿಗೂ ಈ ಉತ್ತರಗಳು ಉಪಯುಕ್ತವೆಂಬುದನ್ನು ಕೊನೆಯಲ್ಲಿ ತೋರಿಸಲಾಗುವುದು.

ಚೌಕಾಬಾರದ ಚೀಟಿ

ನಮ್ಮ ಮನೆಗಳ ಜಗಲಿಯ ಮೇಲೆ ಆಡುವ ಚೌಕಾಬಾರವನ್ನು ಉದಾಹರಣೆಯಾಗಿ ತೆಗೆದುಕೊಳ್ಳೋಣ. ಸಾಲಿಗೆ ಐದರಂತೆ ಐದು ಸಾಲು, ಒಟ್ಟು 25 ಮನೆಗಳು. ಹೊರಸುತ್ತಿನಲ್ಲಿ 16, ಒಳಸುತ್ತಿನಲ್ಲಿ 8, ನಡುವೆ 1. ಬಳೆಚೂರುಗಳನ್ನೋ ಹುಣಿಸೆಬೀಜಗಳನ್ನೋ ಕಾಯಿಯಾಗಿಟ್ಟು, ಕವಡೆ ಎಸೆದು ನಡೆಸುತ್ತಾರೆ. ಆಟ ಅರ್ಧಕ್ಕೆ ಬಂದಾಗ ಊಟಕ್ಕೆ ಕರೆ ಬಂದಿತೆಂದು ಭಾವಿಸಿರಿ. ನಾಳೆ ಇಲ್ಲಿಂದಲೇ ಮುಂದುವರಿಸಬೇಕಾದರೆ ಒಂದು ಚೀಟಿಯಲ್ಲಿ ಏನನ್ನು ಬರೆದಿಡಬೇಕು?

ಪ್ರತಿಯೊಂದು ಕಾಯಿಯೂ ಅದರ ಒಡೆಯನ ಮನೆಯಿಂದ ಎಣಿಸಿದರೆ ಎಷ್ಟನೆಯ ಮನೆಯಲ್ಲಿದೆ, ಎಷ್ಟು ಕಾಯಿ ಹಣ್ಣಾಗಿವೆ, ಮುಂದಿನ ಸರದಿ ಯಾರದು. ಇಷ್ಟನ್ನು ಬರೆದರೆ ಸಾಕು. ಮಣೆಯ ಚಿತ್ರವನ್ನು ಬರೆಯಬೇಕಾಗಿಲ್ಲ. ಆಟದ ನಿಯಮಗಳನ್ನು ಬರೆಯಬೇಕಾಗಿಲ್ಲ. ಬಳೆಚೂರುಗಳನ್ನು ಚೀಟಿಗೆ ಅಂಟಿಸಬೇಕಾಗಿಯೂ ಇಲ್ಲ. ಅವೆಲ್ಲವೂ ನಾಳೆಯೂ ಇರುತ್ತವೆಂಬ ನಂಬಿಕೆಯ ಮೇಲೆ ಚೀಟಿ ಅಷ್ಟು ಚಿಕ್ಕದಾಗಿದೆ.

ಸೇವ್ ಫೈಲು ಇಂಥ ಒಂದು ಚೀಟಿಯೇ. ಅದರಲ್ಲಿ ಆಟವಿರುವುದಿಲ್ಲ, ಆಟದ ಸ್ಥಿತಿ ಮಾತ್ರ ಇರುತ್ತದೆ. ಮುಂದೆ ಹೇಳುವುದೆಲ್ಲವೂ ಈ ಒಂದು ಮಾತಿನ ವಿವರಣೆಯೆಂದು ವಾಚಕರು ತಿಳಿಯಬಹುದು.

ಸೇವ್ ಫೈಲಿಗೂ ಒಂದು ಇತಿಹಾಸವಿದೆ. ದೂರದರ್ಶನ ಪೆಟ್ಟಿಗೆಗೆ ಜೋಡಿಸಿ ಆಡುತ್ತಿದ್ದ ಹಳೆಯ ಕ್ಯಾಸೆಟ್ ಆಟಗಳಲ್ಲಿ ಅನೇಕವಕ್ಕೆ ನೆನಪೇ ಇರಲಿಲ್ಲ. ಸ್ವಿಚ್ಚು ಆರಿಸಿದರೆ ಎಲ್ಲವೂ ಮೊದಲಿನಿಂದ. ಕೆಲವು ಆಟಗಳು ಪ್ರತಿ ಹಂತದ ಕೊನೆಯಲ್ಲಿ ಒಂದು ಸಂಕೇತಪದವನ್ನು ತೋರಿಸುತ್ತಿದ್ದವು. ಅದನ್ನು ಆಟಗಾರನು ಪುಸ್ತಕದಲ್ಲಿ ಬರೆದಿಟ್ಟುಕೊಂಡು ಮುಂದಿನ ಬಾರಿ ಒತ್ತಬೇಕಾಗಿತ್ತು. ಜಪಾನಿನ ನಿಂಟೆಂಡೊ ಸಂಸ್ಥೆಯ ‘ದಿ ಲೆಜೆಂಡ್ ಆಫ್ ಜೆಲ್ಡಾ’ ಎಂಬ ಆಟ 1987ರಲ್ಲಿ ಅಮೆರಿಕದಲ್ಲಿ ಕ್ಯಾಸೆಟ್ಟಿನ ರೂಪದಲ್ಲಿ ಬಂದಾಗ ಅದರೊಳಗೆ ಒಂದು ಸಣ್ಣ ಬ್ಯಾಟರಿಯನ್ನು ಕೂಡಿಸಿದ್ದರು. 8 ಕಿಲೋಬೈಟು ಅಳತೆಯ ನೆನಪಿನ ಚಿಪ್ಪನ್ನು ಅದು ಸದಾ ಎಚ್ಚರವಾಗಿ ಇಡುತ್ತಿತ್ತು. ಮೂವರು ಆಟಗಾರರ ಸ್ಥಿತಿಯನ್ನು ಅಷ್ಟರಲ್ಲಿಯೇ ಕಾದಿರಿಸಬಹುದಾಗಿತ್ತು. ಇಂದಿನ ಗಣಕಗಳಲ್ಲಿ ಬ್ಯಾಟರಿಯ ಸ್ಥಾನವನ್ನು ಡಿಸ್ಕು ಪಡೆದಿದೆ, ಕಿಲೋಬೈಟುಗಳ ಬದಲು ಮೆಗಾಬೈಟುಗಳು ಬಂದಿವೆ. ತತ್ತ್ವ ಮಾತ್ರ ಅದೇ.

ಮಣೆ ಬದಲಾದರೆ

ಚೌಕಾಬಾರದ ಚೀಟಿಯಲ್ಲಿ ‘ನನ್ನ ಒಂದು ಕಾಯಿ 18ನೆಯ ಮನೆಯಲ್ಲಿ’ ಎಂದು ಬರೆದಿದೆ ಎನ್ನೋಣ. 25 ಮನೆಗಳ ಮಣೆಯಲ್ಲಿ ಹೊರಸುತ್ತು 16ಕ್ಕೆ ಮುಗಿಯುವುದರಿಂದ ಆ ಕಾಯಿ ಒಳಸುತ್ತಿಗೆ ಬಂದಿದೆ; ಹಣ್ಣಾಗುವುದಕ್ಕೆ ಹತ್ತಿರವಾಗಿದೆ. ಮರುದಿನ ಯಾರೋ ಅದೇ ಜಗಲಿಯ ಮೇಲೆ ಏಳೇಳು ಸಾಲಿನ 49 ಮನೆಗಳ ಮಣೆಯನ್ನು ಬರೆದಿಟ್ಟಿದ್ದಾರೆ. ಅದರ ಹೊರಸುತ್ತಿನಲ್ಲಿಯೇ 24 ಮನೆಗಳು. ಚೀಟಿಯಲ್ಲಿ ಒಂದಕ್ಷರವೂ ಅಳಿಸಿಲ್ಲ. ಆದರೂ 18ನೆಯ ಮನೆ ಈಗ ಹೊರಸುತ್ತಿನಲ್ಲಿದೆ. ಚೀಟಿ ಕೆಟ್ಟಿಲ್ಲ, ಚೀಟಿ ಸೂಚಿಸುತ್ತಿದ್ದ ವಸ್ತು ಬದಲಾಗಿದೆ.

ಮಾಡ್ ಹಾಕಿದ ಆಟದಲ್ಲಿ ಸಂಭವಿಸುವುದು ಇದೇ. ಮೂರು ಪ್ರಸಿದ್ಧ ಆಟಗಳಿಂದ ಇದನ್ನು ಸ್ಪಷ್ಟಪಡಿಸಬಹುದು.

ಮೊದಲನೆಯದು ‘ಮೈನ್‌ಕ್ರಾಫ್ಟ್’. ಇದರಲ್ಲಿ ಇಡೀ ಜಗತ್ತು ಘನಾಕಾರದ ಇಟ್ಟಿಗೆಗಳಿಂದ ಆಗಿದೆ. ಹಿಂದಿನ ಆವೃತ್ತಿಗಳಲ್ಲಿ ಪ್ರತಿಯೊಂದು ಬಗೆಯ ಇಟ್ಟಿಗೆಗೂ ಒಂದು ಸಂಖ್ಯೆಯಿತ್ತು: 1 ಎಂದರೆ ಕಲ್ಲು, 2 ಎಂದರೆ ಹುಲ್ಲು ನೆಲ, 3 ಎಂದರೆ ಮಣ್ಣು. ಹೊಸ ಇಟ್ಟಿಗೆಗಳನ್ನು ತರುವ ಎರಡು ಮಾಡ್‌ಗಳು ಒಂದೇ ಸಂಖ್ಯೆಯನ್ನು ಆರಿಸಿಕೊಂಡರೆ ಒಂದರ ವಸ್ತು ಮತ್ತೊಂದರದಾಗಿ ತೋರುವ ತೊಡಕು ಉಂಟಾಗುತ್ತಿತ್ತು. 2018ರಲ್ಲಿ ಬಂದ 1.13ನೆಯ ಆವೃತ್ತಿಯಿಂದ ಸಂಖ್ಯೆಯ ಬದಲು ಇಟ್ಟಿಗೆಯ ಹೆಸರನ್ನೇ ದಾಖಲಿಸುವ ಕ್ರಮ ಬಂದಿತು. ಇದರಿಂದ ಗೊಂದಲ ತಗ್ಗಿತಾದರೂ ಅವಲಂಬನೆ ತಪ್ಪಲಿಲ್ಲ. ಮಾಡ್ ಒಂದನ್ನು ತೆಗೆದುಹಾಕಿ ಜಗತ್ತನ್ನು ತೆರೆದರೆ, ಅದರ ಇಟ್ಟಿಗೆಗಳಿದ್ದ ಜಾಗದಲ್ಲಿ ಬರಿಯ ಗಾಳಿ ಉಳಿಯುತ್ತದೆ. ಇನ್ನೂ ಗಮನಿಸಬೇಕಾದ ಸಂಗತಿಯೆಂದರೆ, ಹಾಗೆ ತೆರೆದ ಜಗತ್ತನ್ನು ಮತ್ತೆ ಉಳಿಸಿದಾಗ ಆ ಗಾಳಿಯೇ ದಾಖಲೆಯಾಗುತ್ತದೆ. ಅನಂತರ ಮಾಡನ್ನು ಮರಳಿ ಹಾಕಿದರೂ ಕಟ್ಟಡ ಮರಳುವುದಿಲ್ಲ.

ಎರಡನೆಯದು ಅಮೆರಿಕದ ಬೆಥೆಸ್ಡಾ ಸಂಸ್ಥೆಯ ‘ಸ್ಕೈರಿಮ್’, 2011ರಲ್ಲಿ ಬಂದದ್ದು. ಇದರ ಸೇವ್ ಫೈಲಿನಲ್ಲಿ ಆಗ ಬಳಕೆಯಲ್ಲಿದ್ದ ಮಾಡ್‌ಗಳ ಪಟ್ಟಿ ಇರುತ್ತದೆ. ಪಟ್ಟಿಯಲ್ಲಿರುವುದು ಯಂತ್ರದಲ್ಲಿ ಸಿಗದಿದ್ದರೆ ಆಟ ಎಚ್ಚರಿಕೆ ಕೊಡುತ್ತದೆ. ಎಚ್ಚರಿಕೆಯನ್ನು ಲೆಕ್ಕಿಸದೆ ಮುಂದುವರಿದರೆ, ಇಲ್ಲದ ಮಾಡ್ ಹಿಂದೆ ಆರಂಭಿಸಿದ್ದ ಕೆಲಸಗಳ ಅವಶೇಷಗಳು ಸೇವ್ ಫೈಲಿನಲ್ಲಿ ಅನಾಥವಾಗಿ ಉಳಿದುಕೊಳ್ಳುವುದುಂಟು. ಇದಲ್ಲದೆ ಕೆಲವು ಮಾಡ್‌ಗಳಿಗೆ ಬೇಕಾದ ಒಂದು ಸಹಾಯಕ ಕ್ರಮವಿಧಿ, ಮುಖ್ಯ ಸೇವ್ ಫೈಲಿನ ಪಕ್ಕದಲ್ಲಿಯೇ ಅದೇ ಹೆಸರಿನ ಎರಡನೆಯ ಕಡತವೊಂದನ್ನು ಬರೆಯುತ್ತದೆ. ಈ ಅವಳಿಗಳಲ್ಲಿ ಒಂದನ್ನು ಮಾತ್ರ ನಕಲು ಮಾಡಿಕೊಂಡವನು ಅರ್ಧ ಆಟವನ್ನು ಮಾತ್ರ ಕಾಪಾಡಿದಂತಾಯಿತು.

ಮೂರನೆಯದು ನಾವು ಆರಂಭದಲ್ಲಿ ಹೇಳಿದ ಲಾರಿಯ ಆಟ. ಇದರಲ್ಲಿ ಪ್ರತಿ ಆಟಗಾರನಿಗೆ ‘ಪ್ರೊಫೈಲು’ ಎಂಬ ಒಂದು ಫೋಲ್ಡರು ಇರುತ್ತದೆ. ಸೇವ್ ಫೈಲುಗಳೂ, ಬಳಸುತ್ತಿರುವ ಮಾಡ್‌ಗಳ ಹೆಸರುಗಳೂ ಅದರೊಳಗಿರುತ್ತವೆ. ಮಾಡ್‌ಗಳು ಮಾತ್ರ ಅಲ್ಲಿರುವುದಿಲ್ಲ. ಅವು ‘ಮಾಡ್’ ಎಂಬ ಬೇರೆ ಫೋಲ್ಡರಿನಲ್ಲಿ ಇರುತ್ತವೆ. ಪ್ರೊಫೈಲನ್ನು ಪೆನ್‌ಡ್ರೈವಿಗೆ ತುಂಬಿಕೊಂಡು ಮತ್ತೊಂದು ಯಂತ್ರಕ್ಕೆ ಹೋದವನಿಗೆ ತನ್ನ ಕೆಂಪು ಬಸ್ಸಿನ ಹೆಸರು ದೊರೆಯುತ್ತದೆ, ಬಸ್ಸು ದೊರೆಯುವುದಿಲ್ಲ.

ವಿಳಾಸದ ಪ್ರಶ್ನೆ

ಇನ್ನು ಈ ಕಡತಗಳು ಎಲ್ಲಿರುತ್ತವೆಂಬುದನ್ನು ನೋಡೋಣ. ಕಡತದ ಸ್ಥಾನ ಎಂದರೆ ಅದರ ವಿಳಾಸ. ವಿಳಾಸ ಎಂಬುದು ವಸ್ತುವಿನಂತೆ ಸ್ಥಿರವಾದುದಲ್ಲವೆಂಬುದಕ್ಕೆ ನ್ಯಾಮತಿಯೇ ನಿದರ್ಶನ. 1997ಕ್ಕೆ ಮೊದಲು ಅಲ್ಲಿಗೆ ಬರೆದ ಕಾಗದದ ಮೇಲೆ ಹೊನ್ನಾಳಿ ತಾಲ್ಲೂಕು, ಶಿವಮೊಗ್ಗ ಜಿಲ್ಲೆ ಎಂದಿರುತ್ತಿತ್ತು. ಆ ವರ್ಷದ ಆಗಸ್ಟ್ 15ರಂದು ದಾವಣಗೆರೆ ಜಿಲ್ಲೆ ರಚನೆಯಾದಾಗ ಹೊನ್ನಾಳಿ, ಚನ್ನಗಿರಿ ತಾಲ್ಲೂಕುಗಳು ಶಿವಮೊಗ್ಗದಿಂದಲೂ ಜಗಳೂರು ಚಿತ್ರದುರ್ಗದಿಂದಲೂ ಬಂದು ಅದನ್ನು ಸೇರಿದವು. 2017ರ ಆಯವ್ಯಯದಲ್ಲಿ ಘೋಷಿತವಾದ ಹೊಸ ತಾಲ್ಲೂಕುಗಳಲ್ಲಿ ನ್ಯಾಮತಿಯೂ ಒಂದು. ಊರು ಒಂದಂಗುಲವೂ ಸರಿಯಲಿಲ್ಲ. ವಿಳಾಸ ಎರಡು ಬಾರಿ ಬದಲಾಯಿತು. ಅಂತೆಯೇ ಆಟದ ಹೊಸ ಆವೃತ್ತಿ ಬಂದಾಗ, ವಿಂಡೋಸನ್ನು ಹೊಸದಾಗಿ ಹಾಕಿದಾಗ, ಡಾಕ್ಯುಮೆಂಟ್ಸ್ ಫೋಲ್ಡರು ವನ್‌ಡ್ರೈವಿಗೆ ಸೇರಿದಾಗ ಕಡತದ ವಿಳಾಸ ಬದಲಾಗುವುದುಂಟು. ‘ಸೇವ್ ಹೋಯಿತು’ ಎಂದು ತೋರುವ ಎಷ್ಟೋ ಸಂದರ್ಭಗಳಲ್ಲಿ ಕಡತ ಕ್ಷೇಮವಾಗಿಯೇ ಇರುತ್ತದೆ. ಆಟ ಮಾತ್ರ ಬೇರೆ ವಿಳಾಸದಲ್ಲಿ ಅದನ್ನು ಹುಡುಕುತ್ತಿರುತ್ತದೆ.

ವಿಂಡೋಸ್ ಗಣಕದಲ್ಲಿ ಮುಖ್ಯವಾಗಿ ನಾಲ್ಕು ಕಡೆ ಹುಡುಕಬೇಕು.

ಒಂದು, ಡಾಕ್ಯುಮೆಂಟ್ಸ್ ಫೋಲ್ಡರು. ಲಾರಿಯ ಆಟ ಇಲ್ಲಿ ತನ್ನ ಹೆಸರಿನ ಫೋಲ್ಡರನ್ನು ಮಾಡಿಕೊಳ್ಳುತ್ತದೆ. ಸ್ಕೈರಿಮ್ ಇಲ್ಲಿಯೇ ‘ಮೈ ಗೇಮ್ಸ್’ ಎಂಬುದರೊಳಗೆ ಇರುತ್ತದೆ.

ಎರಡು, ‘ಆಪ್‌ಡೇಟಾ’ ಎಂಬ ಫೋಲ್ಡರು. ಇದನ್ನು ವಿಂಡೋಸ್ ಮರೆಮಾಡಿರುವುದರಿಂದ ಸಾಮಾನ್ಯ ನೋಟಕ್ಕೆ ಕಾಣುವುದಿಲ್ಲ. ವಿಂಡೋಸ್ ಗುಂಡಿಯನ್ನೂ ‘ಆರ್’ ಗುಂಡಿಯನ್ನೂ ಒಟ್ಟಿಗೆ ಒತ್ತಿ, ತೆರೆದ ಚೌಕದಲ್ಲಿ ಎರಡು ಶೇಕಡಾ ಚಿಹ್ನೆಗಳ ನಡುವೆ ಆಪ್‌ಡೇಟಾ ಎಂಬ ಪದವನ್ನು ರೋಮನ್ ಅಕ್ಷರಗಳಲ್ಲಿ ಬರೆದರೆ ಅದರ ‘ರೋಮಿಂಗ್’ ಭಾಗ ತೆರೆಯುತ್ತದೆ. ಮೈನ್‌ಕ್ರಾಫ್ಟಿನ ಜಾವಾ ಆವೃತ್ತಿ ಮತ್ತು ಬೇಸಾಯದ ಆಟವಾದ ‘ಸ್ಟಾರ್ಡ್ಯೂ ವ್ಯಾಲಿ’ ಇಲ್ಲಿರುತ್ತವೆ. ಒಂದು ಮೆಟ್ಟಿಲು ಮೇಲೆ ಹೋದರೆ ‘ಲೋಕಲ್’, ‘ಲೋಕಲ್‌ಲೋ’ ಎಂಬ ಇನ್ನೆರಡು ಭಾಗಗಳು ಸಿಗುತ್ತವೆ.

ಮೂರು, ಆಟವನ್ನೇ ಸ್ಥಾಪಿಸಿರುವ ಫೋಲ್ಡರು. ಹಳೆಯ ಆಟಗಳಲ್ಲಿ ಅನೇಕವು ಇಲ್ಲಿಯೇ ಬರೆಯುತ್ತವೆ. ಇಂಥ ಆಟವನ್ನು ಯಂತ್ರದಿಂದ ತೆಗೆಯುವಾಗ ಈ ಫೋಲ್ಡರನ್ನೂ ಅಳಿಸಿದರೆ ಸೇವ್ ಫೈಲುಗಳೂ ಹೋಗುತ್ತವೆ.

ನಾಲ್ಕು, ಆಟವನ್ನು ಕೊಂಡ ಮಳಿಗೆಯ ಫೋಲ್ಡರು. ‘ಸ್ಟೀಮ್’ ಎಂಬ ಮಳಿಗೆಯಲ್ಲಿ ‘ಯೂಸರ್‌ಡೇಟಾ’ ಎಂಬುದರೊಳಗೆ ಪ್ರತಿಯೊಂದು ಆಟಕ್ಕೂ ಹೆಸರಿನ ಬದಲು ಒಂದು ಸಂಖ್ಯೆಯ ಫೋಲ್ಡರು ಇರುತ್ತದೆ. ನಮ್ಮ ಲಾರಿಯ ಆಟದ ಸಂಖ್ಯೆ 227300.

ಈ ಯಾವುದೂ ತಿಳಿಯದಿದ್ದರೂ ಹುಡುಕಲು ಒಂದು ಸುಲಭ ಉಪಾಯವುಂಟು. ಆಟವನ್ನು ತೆರೆದು, ಒಮ್ಮೆ ಸೇವ್ ಮಾಡಿ, ಗಡಿಯಾರವನ್ನು ನೋಡಿಕೊಂಡು ಆಟವನ್ನು ಮುಚ್ಚಬೇಕು. ಅನಂತರ ಮೇಲಿನ ನಾಲ್ಕು ಸ್ಥಳಗಳಲ್ಲಿ ಕಡತಗಳನ್ನು ಬದಲಾದ ಕಾಲಕ್ಕೆ ಅನುಗುಣವಾಗಿ ಜೋಡಿಸಿದರೆ, ಆ ನಿಮಿಷದಲ್ಲಿ ಬರೆದ ಕಡತ ಎಲ್ಲಕ್ಕಿಂತ ಮೇಲೆ ಬಂದು ನಿಲ್ಲುತ್ತದೆ.

ಹುಡುಕುವವನನ್ನು ಹೆಸರುಗಳೂ ಗಲಿಬಿಲಿಗೊಳಿಸುವುದುಂಟು. ಲಾರಿಯ ಆಟದ ಪ್ರೊಫೈಲ್ಸ್ ಫೋಲ್ಡರಿನೊಳಗೆ 426861647261 ಎಂಬಂಥ ಉದ್ದನೆಯ ಸಂಖ್ಯೆ ಕಂಡರೆ ಇದು ಬೇಡದ ಕಸವೆಂದು ಅಳಿಸಲು ಕೈ ಮುಂದಾಗಬಹುದು. ಹಾಗೆ ಮಾಡಬಾರದು. ಅದು ಆಟಗಾರನ ಹೆಸರೇ. ಗಣಕದ ಲಿಪಿಸಂಕೇತದಲ್ಲಿ ರೋಮನ್ ದೊಡ್ಡಕ್ಷರ ‘ಬಿ’ಗೆ 66 ಎಂಬ ಸಂಖ್ಯೆಯಿದೆ. 66 ಎಂದರೆ 16ರ ನಾಲ್ಕು ಮಡಿ ಮತ್ತು 2. ಆದುದರಿಂದ 16ರ ಪದ್ಧತಿಯಲ್ಲಿ ಅದನ್ನು 42 ಎಂದು ಬರೆಯುತ್ತಾರೆ. ಇದೇ ಕ್ರಮದಲ್ಲಿ ಸಣ್ಣಕ್ಷರಗಳಾದ ‘ಎಚ್’ 68, ‘ಎ’ 61, ‘ಡಿ’ 64, ‘ಆರ್’ 72, ಕೊನೆಯ ‘ಎ’ ಮತ್ತೆ 61. ಒಟ್ಟುಗೂಡಿಸಿ ಓದಿದರೆ ‘ಭದ್ರಾ’ ಎಂದಾಯಿತು. ದಾವಣಗೆರೆಯ ಗದ್ದೆಗಳಿಗೆ ನಾಲೆಯಲ್ಲಿ ನೀರು ತರುವ ನದಿಯ ಹೆಸರನ್ನು ಆಟಗಾರನೊಬ್ಬನು ತನ್ನ ಪ್ರೊಫೈಲಿಗೆ ಇಟ್ಟುಕೊಂಡರೆ ಡಿಸ್ಕಿನ ಮೇಲೆ ಅದು ಹೀಗೆ ಕಾಣುತ್ತದೆ.

ಮೊಬೈಲಿನಲ್ಲಿ

ಮೊಬೈಲಿನ ವ್ಯವಸ್ಥೆ ಇದಕ್ಕಿಂತ ಬಿಗಿಯಾದುದು. ಆಂಡ್ರಾಯ್ಡ್ ಪ್ರತಿಯೊಂದು ಆಪ್‌ಗೂ ಒಂದು ಖಾಸಗಿ ಕೋಣೆಯನ್ನು ಕೊಡುತ್ತದೆ. ಬೇರೆ ಆಪ್‌ಗಳಿಗೆ ಅಲ್ಲಿ ಪ್ರವೇಶವಿಲ್ಲ. 2020ರಲ್ಲಿ ಬಂದ 11ನೆಯ ಆವೃತ್ತಿಯಿಂದ ನಿರ್ಬಂಧ ಇನ್ನೂ ಹೆಚ್ಚಿ, ಹಿಂದೆ ಫೈಲ್ ಮ್ಯಾನೇಜರಿನಲ್ಲಿ ಕಾಣುತ್ತಿದ್ದ ಆಪ್‌ಗಳ ಡೇಟಾ ಫೋಲ್ಡರೂ ಹೊರಗಿನ ಆಪ್‌ಗಳಿಗೆ ಮುಚ್ಚಿಹೋಯಿತು. ಇದರಿಂದ ಕಳ್ಳ ಆಪ್‌ಗಳ ಕಾಟ ತಗ್ಗಿತು. ಆದರೆ ತನ್ನದೇ ಆಟದ ಸೇವ್ ಫೈಲನ್ನು ನಕಲು ಮಾಡಿಕೊಳ್ಳುವುದು ಆಟಗಾರನಿಗೆ ಕಷ್ಟವಾಯಿತು.

ಇಲ್ಲಿ ನೆನಪಿಡಬೇಕಾದ ಮುಖ್ಯ ಸಂಗತಿ ಒಂದು. ಆಪ್ ತೆಗೆದರೆ ಅದರ ಖಾಸಗಿ ಕೋಣೆಯೂ ಅದರೊಡನೆ ಹೋಗುತ್ತದೆ. ಮೊಬೈಲಿನಲ್ಲಿ ಜಾಗ ಸಾಲದೆಂದು ಆಟವನ್ನು ತೆಗೆದು, ರಜೆಯಲ್ಲಿ ಮತ್ತೆ ಹಾಕಿಕೊಳ್ಳೋಣವೆಂದು ಯೋಚಿಸುವವನು ಆಟವನ್ನು ಮರಳಿ ಪಡೆಯಬಹುದು. ಆಟದಲ್ಲಿ ಗಳಿಸಿದ್ದನ್ನು ಪಡೆಯುವುದು ಅನುಮಾನ. ಆಟದಲ್ಲಿಯೇ ಅಂತರ್ಜಾಲದ ಖಾತೆಗೆ ಸ್ಥಿತಿಯನ್ನು ಕಳುಹಿಸುವ ಏರ್ಪಾಡು ಇದೆಯೇ ಎಂದು ತೆಗೆಯುವ ಮೊದಲೇ ಪರೀಕ್ಷಿಸತಕ್ಕದ್ದು. ಬಸ್ಸಿನ ಮಾಡ್‌ಗಳನ್ನೂ ಬಣ್ಣದ ಚಿತ್ರಗಳನ್ನೂ ಮಾತ್ರ ಡೌನ್‌ಲೋಡ್ ಮಾಡಿದಾಗಲೇ ಬೇರೊಂದು ಫೋಲ್ಡರಿನಲ್ಲಿ ಪ್ರತ್ಯೇಕವಾಗಿ ಇಟ್ಟುಕೊಳ್ಳಬಹುದು, ಇಟ್ಟುಕೊಳ್ಳಬೇಕು.

ವಿದ್ಯುತ್ತು ಹೋದಾಗ

ಮಳೆಗಾಲದ ಸಂಜೆ ಗುಡುಗಿನೊಡನೆ ವಿದ್ಯುತ್ತು ನಿಲ್ಲುವುದು ನಮ್ಮ ಊರುಗಳಲ್ಲಿ ಹೊಸದಲ್ಲ. ಸೇವ್ ಮಾಡುತ್ತಿರುವ ಕ್ಷಣದಲ್ಲಿಯೇ ಹೀಗಾದರೆ ಕಡತ ಅರ್ಧ ಹಳೆಯದು, ಅರ್ಧ ಹೊಸದು ಆಗಿ ಉಳಿಯಬಹುದು. ಕಡತದ ಗಾತ್ರ 0 ಎಂದು ತೋರುವುದು, ಅಥವಾ ಗಾತ್ರ ಸರಿಯಿದ್ದರೂ ಒಳಗೆಲ್ಲ ಬರಿಯ ಸೊನ್ನೆಗಳಿರುವುದು ಇದರ ಲಕ್ಷಣಗಳು.

ಎಚ್ಚರಿಕೆಯಿಂದ ರಚಿಸಿದ ಆಟಗಳು ಇದಕ್ಕೆ ಒಂದು ಮದ್ದನ್ನು ಅನುಸರಿಸುತ್ತವೆ. ಹಳೆಯ ಕಡತದ ಮೇಲೆಯೇ ಬರೆಯದೆ, ಹೊಸದನ್ನು ಬೇರೆ ಹೆಸರಿನಲ್ಲಿ ಪೂರ್ಣವಾಗಿ ಬರೆದು ಮುಗಿಸಿ, ಅನಂತರ ಹೆಸರುಗಳನ್ನು ಅದಲುಬದಲು ಮಾಡುತ್ತವೆ. ಹೆಸರು ಬದಲಿಸುವುದು ಕ್ಷಣಮಾತ್ರದ ಕೆಲಸವಾದುದರಿಂದ ಅಪಾಯದ ಅವಧಿ ತೀರ ಕಿರಿದಾಗುತ್ತದೆ. ಹಿಂದಿನ ಪ್ರತಿಯೂ ಉಳಿದಿರುತ್ತದೆ. ಮೈನ್‌ಕ್ರಾಫ್ಟಿನಲ್ಲಿ ಜಗತ್ತಿನ ಮುಖ್ಯ ಕಡತದ ಪಕ್ಕದಲ್ಲಿ ‘ಓಲ್ಡ್’ ಎಂದು ಕೊನೆಗೊಳ್ಳುವ ಹೆಸರಿನ ಮತ್ತೊಂದು ಕಡತವನ್ನು ಕಾಣಬಹುದು. ಸ್ಟಾರ್ಡ್ಯೂ ವ್ಯಾಲಿಯಲ್ಲಿಯೂ ಹಾಗೆಯೇ. ಹಳೆಯದೆಂದು ಇವನ್ನು ಅಳಿಸಬಾರದು. ಆಪತ್ಕಾಲದಲ್ಲಿ ನೆರವಾಗುವುದು ಇವೇ.

ಕಡತ ಕೆಟ್ಟಿದೆಯೆಂದು ಶಂಕೆ ಬಂದಾಗ ಅನುಸರಿಸಬೇಕಾದ ಕ್ರಮ ಹೀಗಿದೆ. ಮೊದಲು ಆಟವನ್ನು ಮುಚ್ಚಿ, ಮತ್ತೆ ಸೇವ್ ಮಾಡದಿರಿ. ಅಂತರ್ಜಾಲದ ಸಂಗ್ರಹದೊಡನೆ ಆಟದ ಸಂಪರ್ಕವಿದ್ದರೆ ಅದನ್ನು ನಿಲ್ಲಿಸಿ. ಕೆಟ್ಟ ಫೋಲ್ಡರನ್ನು ಇದ್ದಂತೆಯೇ ಬೇರೊಂದು ಕಡೆ ನಕಲು ಮಾಡಿಟ್ಟು, ಅನಂತರವೇ ಹಳೆಯ ಪ್ರತಿಯನ್ನು ಅದರ ಸ್ಥಾನದಲ್ಲಿಡಿ. ಚಿಕಿತ್ಸೆ ತಪ್ಪಿದರೂ ಮೂಲ ಉಳಿದಿರುವುದರಿಂದ ಮತ್ತೊಂದು ಪ್ರಯತ್ನಕ್ಕೆ ಅವಕಾಶವಿರುತ್ತದೆ.

ಕಾಪಾಡುವ ಕ್ರಮ

ಇಷ್ಟನ್ನು ಅರಿತ ಮೇಲೆ ನಿಯಮಗಳನ್ನು ತಾವಾಗಿಯೇ ಊಹಿಸಬಹುದು. ಆದರೂ ಅನುಕೂಲಕ್ಕಾಗಿ ಇಲ್ಲಿ ಒಟ್ಟುಗೂಡಿಸಿದೆ.

1. ನಕಲು ಮಾಡುವಾಗ ಆಟ ಮುಚ್ಚಿರಬೇಕು. ಒಂದು ಕಡತವನ್ನಲ್ಲ, ಇಡೀ ಫೋಲ್ಡರನ್ನೇ ನಕಲು ಮಾಡಬೇಕು. ಅವಳಿ ಕಡತಗಳು ತಪ್ಪಿಹೋಗದಂತೆ ಇದು ರಕ್ಷಣೆ.

2. ನಕಲಿನ ಹೆಸರಿನಲ್ಲಿ ತಾರೀಖು ಇರಲಿ. ವರ್ಷ, ತಿಂಗಳು, ದಿನ ಎಂಬ ಅನುಕ್ರಮದಲ್ಲಿ ಬರೆದರೆ ಗಣಕ ಅವನ್ನು ತಾನಾಗಿಯೇ ಕಾಲಕ್ರಮದಲ್ಲಿ ಜೋಡಿಸುತ್ತದೆ.

3. ಸೇವ್ ಫೈಲಿನ ಪಕ್ಕದಲ್ಲಿಯೇ ಆ ದಿನ ಬಳಕೆಯಲ್ಲಿದ್ದ ಮಾಡ್ ಕಡತಗಳನ್ನೂ ಇಡಬೇಕು. ಬರಿಯ ಹೆಸರಿನ ಪಟ್ಟಿ ಸಾಲದು. ಮಾಡ್ ರಚಿಸಿದ ಹವ್ಯಾಸಿ ಅದನ್ನು ನಾಳೆ ಹಿಂತೆಗೆದುಕೊಳ್ಳಬಹುದು, ಅಥವಾ ಹಳೆಯ ಆವೃತ್ತಿಯ ಸ್ಥಾನದಲ್ಲಿ ಹೊಸದನ್ನು ಇಡಬಹುದು. ಆಟದ ಆವೃತ್ತಿ, ಮಾಡ್‌ಗಳ ಆವೃತ್ತಿ ಮತ್ತು ಅವು ಸೇರುವ ಅನುಕ್ರಮ ಇವನ್ನು ಒಂದು ಸಣ್ಣ ಬರೆಹದಲ್ಲಿ ನಮೂದಿಸಿಡುವುದು ಲೇಸು.

4. ಮಾಡನ್ನು ತೆಗೆಯುವ ಮುನ್ನ ಆಟದೊಳಗೆ ಅದರ ಬಳಕೆಯನ್ನು ನಿಲ್ಲಿಸಬೇಕು. ಮಾಡ್‌ನಿಂದ ಬಂದ ಬಸ್ಸನ್ನು ಮಾರಿ, ಆಟದ ಮೂಲ ಲಾರಿಯೊಂದನ್ನು ಏರಿ, ಸೇವ್ ಮಾಡಿ, ಮುಚ್ಚಿ, ನಕಲು ತೆಗೆದು, ಅನಂತರ ಮಾಡನ್ನು ತೆಗೆಯುವುದು ಕ್ರಮ. ಒಮ್ಮೆಗೆ ಒಂದನ್ನೇ ತೆಗೆಯಬೇಕು; ತೊಂದರೆ ಬಂದರೆ ಕಾರಣ ಯಾವುದೆಂದು ತಿಳಿಯುವುದು ಆಗ ಸುಲಭ.

5. ಮೂರು ಪ್ರತಿಗಳು, ಎರಡು ಬಗೆಯ ಸಾಧನಗಳಲ್ಲಿ, ಒಂದು ಮನೆಯ ಹೊರಗೆ: ಎಲ್ಲ ಬಗೆಯ ದಾಖಲೆಗಳಿಗೂ ಅನ್ವಯಿಸುವ ಸೂತ್ರವಿದು. ಗಣಕದಲ್ಲಿ ಒಂದು, ಪೆನ್‌ಡ್ರೈವಿನಲ್ಲಿ ಒಂದು, ಅಂತರ್ಜಾಲದ ಸಂಗ್ರಹದಲ್ಲಿ ಒಂದು ಎಂದರೆ ಸೂತ್ರ ನಡೆದಂತಾಯಿತು.

6. ಅಂತರ್ಜಾಲದೊಡನೆ ತಾನಾಗಿ ಹೊಂದಿಸಿಕೊಳ್ಳುವ ಏರ್ಪಾಡನ್ನೇ ನಂಬಿ ಕೂರಬಾರದು. ಅದು ಕನ್ನಡಿಯಂತೆ. ಇಲ್ಲಿ ಕಡತ ಕೆಟ್ಟರೆ ಅಲ್ಲಿಯೂ ಕೆಡುತ್ತದೆ. ಇಲ್ಲಿ ಅಳಿಸಿದರೆ ಅಲ್ಲಿಯೂ ಅಳಿಯುತ್ತದೆ.

7. ಮಾಡ್ ಎಂಬ ಹೆಸರಿನಲ್ಲಿ ಬರುವ ಎಲ್ಲವೂ ಮಾಡ್ ಅಲ್ಲ. ಬಸ್ಸಿನ ಆಕಾರವನ್ನೂ ಬಣ್ಣವನ್ನೂ ಹೊತ್ತ ಕಡತ ತಾನಾಗಿ ಚಾಲನೆಗೊಳ್ಳಬೇಕಾದ ಅಗತ್ಯವಿಲ್ಲ. ‘ಇದನ್ನು ಚಲಾಯಿಸು, ರಕ್ಷಣಾ ಸಾಧನವನ್ನು ಆರಿಸು’ ಎಂದು ಕೇಳುವ ಕಡತವನ್ನು ದೂರವಿಡುವುದೇ ಕ್ಷೇಮ. ಆಟದ ಗಣಕದಲ್ಲಿಯೇ ಮನೆಯವರ ಬ್ಯಾಂಕಿನ ವ್ಯವಹಾರವೂ ನಡೆಯುತ್ತಿರುವುದನ್ನು ಮರೆಯಬಾರದು.

ಆಟದ ಹೊರಗೆ

ಆಟವಾಡದವರಿಗೂ ಈ ಪಾಠ ಬೇಕೆಂದು ಆರಂಭದಲ್ಲಿ ಹೇಳಿದ್ದೆವು. ಕನ್ನಡಿಗರಿಗೆ ಇದರ ಅನುಭವ ಬೇರೊಂದು ರೂಪದಲ್ಲಿ ಈಗಾಗಲೇ ಆಗಿದೆ. 1998ರಲ್ಲಿ ಬಂದ ‘ಬರಹ’, ಅನಂತರ ಕನ್ನಡ ಗಣಕ ಪರಿಷತ್ತು ತಂದ ‘ನುಡಿ’ ಇವು ಗಣಕದಲ್ಲಿ ಕನ್ನಡ ಬರೆಯುವುದನ್ನು ಮನೆಮಾತಾಗಿಸಿದವು. ಆ ಕಾಲದ ಫಾಂಟುಗಳಲ್ಲಿ ರೋಮನ್ ಅಕ್ಷರಗಳ ಸಂಖ್ಯೆಗಳ ಸ್ಥಾನದಲ್ಲಿಯೇ ಕನ್ನಡದ ಆಕೃತಿಗಳನ್ನು ಕೂರಿಸಿದ್ದರು. ಡಿಟಿಪಿ ಅಂಗಡಿಗಳಲ್ಲಿ ತಯಾರಾದ ಲಗ್ನಪತ್ರಿಕೆ, ಸಹಕಾರ ಸಂಘದ ವಾರ್ಷಿಕ ವರದಿ, ಶಾಲೆಯ ಸ್ಮರಣ ಸಂಚಿಕೆ, ಕವಿಯೊಬ್ಬನ ಹಸ್ತಪ್ರತಿ ಎಲ್ಲವೂ ಕಡತದಲ್ಲಿ ಬರಿಯ ಆ ಸಂಖ್ಯೆಗಳಾಗಿ ಉಳಿದವು. ಫಾಂಟು ಇಲ್ಲದ ಯಂತ್ರದಲ್ಲಿ ಅದೇ ಕಡತವನ್ನು ತೆರೆದರೆ ಅರ್ಥವಿಲ್ಲದ ರೋಮನ್ ಅಕ್ಷರಗಳ ಸಂತೆ. ಕಡತ ಹಾಳಾಗಿಲ್ಲ; ಅದು ನೆಚ್ಚಿಕೊಂಡಿದ್ದ ಫಾಂಟು ಜೊತೆಯಲ್ಲಿಲ್ಲ. ಮಾಡ್ ಕಳೆದುಕೊಂಡ ಸೇವ್ ಫೈಲಿಗೂ ಇದಕ್ಕೂ ತತ್ತ್ವದಲ್ಲಿ ಭೇದವಿಲ್ಲ.

ಯೂನಿಕೋಡ್ ಈ ತೊಡಕನ್ನು ಬಗೆಹರಿಸಿದ ಬಗೆಯೂ ಮೈನ್‌ಕ್ರಾಫ್ಟ್ ಅನುಸರಿಸಿದ ಬಗೆಯಂತೆಯೇ. ಮತ್ತೊಬ್ಬರ ಸಂಖ್ಯೆಯನ್ನು ಎರವಲು ಪಡೆಯದೆ ಪ್ರತಿಯೊಂದು ಕನ್ನಡ ಅಕ್ಷರಕ್ಕೂ ಅದರದೇ ಆದ ಗುರುತನ್ನು ಕೊಟ್ಟರು. ‘ನ’ ಅಕ್ಷರದ ಸಂಖ್ಯೆ 3240. ಅದು ಯಾವ ದೇಶದ ಯಾವ ಯಂತ್ರದಲ್ಲಿಯೂ ‘ನ’ವೇ. ಹಳೆಯ ಕಡತಗಳನ್ನು ಯೂನಿಕೋಡಿಗೆ ತರುವ ಪರಿವರ್ತಕಗಳು ಇಂದು ದೊರೆಯುತ್ತವೆ. ಅಂಥ ಕಡತಗಳು ಮನೆಯಲ್ಲಿಯೋ ಸಂಘದಲ್ಲಿಯೋ ಇದ್ದರೆ, ಅವುಗಳ ಫಾಂಟುಗಳು ಇನ್ನೂ ಕೈಯಲ್ಲಿರುವಾಗಲೇ ಪರಿವರ್ತಿಸಿ, ಮೂಲದೊಡನೆ ಹೋಲಿಸಿ ನೋಡಿ ಇಟ್ಟುಕೊಳ್ಳುವುದು ವಿವೇಕ.

ಯಾವ ಕಡತವನ್ನು ಕಾದಿರಿಸುವಾಗಲೂ ‘ಇದನ್ನು ತೆರೆಯಲು ಇನ್ನೇನು ಬೇಕು?’ ಎಂಬ ಒಂದು ಪ್ರಶ್ನೆಯನ್ನು ಕೇಳಿಕೊಂಡು, ಆ ಇನ್ನೊಂದನ್ನೂ ಅದರ ಪಕ್ಕದಲ್ಲಿಯೇ ಇಡತಕ್ಕದ್ದು.

ಓದಿದ್ದನ್ನು ಮಾಡಿ ನೋಡಿದರಲ್ಲದೆ ಮನಸ್ಸಿನಲ್ಲಿ ನಿಲ್ಲುವುದಿಲ್ಲ. ಮನೆಯಲ್ಲಿ ಮಕ್ಕಳು ಆಡುವ ಯಾವುದಾದರೂ ಒಂದು ಆಟವನ್ನು ಆರಿಸಿಕೊಳ್ಳಿ. ಸೇವ್ ಮಾಡಿ, ಬದಲಾದ ಕಾಲದ ಸಹಾಯದಿಂದ ಕಡತವನ್ನು ಹುಡುಕಿ, ಫೋಲ್ಡರನ್ನು ಎರಡು ಕಡೆ ನಕಲು ಮಾಡಿ. ಅಂತರ್ಜಾಲದ ಸಂಪರ್ಕವನ್ನು ನಿಲ್ಲಿಸಿ, ಮೂಲ ಫೋಲ್ಡರಿನ ಹೆಸರನ್ನು ಬದಲಿಸಿ ಆಟವನ್ನು ತೆರೆಯಿರಿ. ಅದು ಹೊಸ ಆಟಗಾರನಿಗೆಂಬಂತೆ ಮೊದಲಿನಿಂದ ಆರಂಭಿಸುವುದನ್ನು ಕಾಣುವಿರಿ. ಆಟವನ್ನು ಮುಚ್ಚಿ, ಅದು ಹೊಸದಾಗಿ ಮಾಡಿಕೊಂಡ ಫೋಲ್ಡರನ್ನು ಬೇರೆಡೆಗೆ ಸರಿಸಿ, ನಕಲುಗಳಲ್ಲಿ ಒಂದನ್ನು ಹಳೆಯ ಹೆಸರಿನಲ್ಲಿ ಅದೇ ಸ್ಥಾನದಲ್ಲಿಟ್ಟು ಮತ್ತೆ ತೆರೆಯಿರಿ. ಹಿಂದಿನ ಸ್ಥಿತಿ ಬಂದರೆ ನಿಮ್ಮ ನಕಲು ನಂಬತಕ್ಕದ್ದು. ಬಾರದಿದ್ದರೆ, ಮೂಲ ಇನ್ನೂ ಇರುವಾಗಲೇ ಕೊರತೆ ಏನೆಂದು ಹುಡುಕಲು ನಿಮಗೆ ಸಮಯವಿದೆ.